ಹಸಿರಣ್ಣ ಎಡಗೇರಿಗೆ ಬಂದದ್ದು

ನಮ್ಮೂರು ಎಂದರೆ ಒಂದೇ ಒಂದು ಉದ್ದನೆಯ ಬೀದಿ. ನಡುವೆ ಗಡಿಯಾರದ ಕಂಬ. ಕಂಬದ ಬಲಕ್ಕೆ ಬಲಗೇರಿ, ಎಡಕ್ಕೆ ಎಡಗೇರಿ. ಬಲಗೇರಿಯ ಹುಡುಗನಿಗೆ ಹೆಣ್ಣು ಕೊಡುವವರು ಜಾತಕ ನೋಡುತ್ತಿದ್ದರು. ಎಡಗೇರಿಯ ಹುಡುಗನಿಗೆ ಹೆಣ್ಣು ಕೊಡುವವರು ಅವನ ಅಂಗೈ ನೋಡುತ್ತಿದ್ದರು, ಅದೂ ರೇಖೆಗಾಗಿ ಅಲ್ಲ, ಜಡ್ಡುಗಟ್ಟಿದೆಯೋ ಇಲ್ಲವೋ ಎಂದು. ಯಾಕೆಂದರೆ ಹಸಿರಣ್ಣ ಹೊರಡುವುದು ಗಡಿಯಾರದ ಕಂಬದ ಬುಡದಿಂದ, ಹೊರಟವನು ಹೋಗುವುದು ಬಲಕ್ಕೆ ಮಾತ್ರ. ಎಡಕ್ಕೆ ತಿರುಗುವುದು ಅವನಿಗೆ ಗೊತ್ತಿಲ್ಲ.

ಹಸಿರಣ್ಣ ಇದ್ದದ್ದು ಒಂದು ಆಟದ ಡಬ್ಬಿಯೊಳಗೆ. ಕೈಯಲ್ಲಿ ಹಿಡಿದು ಆಡುವ ಹಳೆಯ ಕಾಲದ ವಿಡಿಯೋ ಗೇಮ್ ಅದು, ಇಟ್ಟಿಗೆಯಷ್ಟು ದಪ್ಪ. ಹಿಂದೆ ಸೆಲ್ಲು ಹಾಕಬೇಕು, ಮೇಲೆ ಕ್ಯಾಸೆಟ್ಟು ಸಿಕ್ಕಿಸಬೇಕು. ಕ್ಯಾಸೆಟ್ಟಿನ ಮೇಲಿನ ಚೀಟಿ ಯಾವ ಕಾಲದಲ್ಲೋ ಸವೆದು ಹೋಗಿದ್ದರಿಂದ ಆ ವೀರನ ನಿಜವಾದ ಹೆಸರು ಯಾರಿಗೂ ಗೊತ್ತಿರಲಿಲ್ಲ. ಪರದೆ ಹಸಿರಾಗಿತ್ತು, ಅದಕ್ಕೆ ಹಸಿರಣ್ಣ. ಗುಂಡಿ ಒತ್ತಿದರೆ ಟುಡುಂ ಎಂದು ಸದ್ದಾಗಿ ಅವನು ಪರದೆಯ ಮೇಲೂ ಕಂಬದ ಬುಡದಲ್ಲೂ ಒಟ್ಟಿಗೇ ಬಂದು ನಿಲ್ಲುತ್ತಿದ್ದ. ಆಳೆತ್ತರ, ಮೈಯೆಲ್ಲ ಚೌಕ ಚೌಕ, ಬೆನ್ನ ಮೇಲೆ ನಾಲ್ಕೇ ಚೌಕದ ಒಂದು ಹೊದಿಕೆ. ಗಾಳಿ ಇಲ್ಲದಿದ್ದರೂ ಅದು ಹಾರಾಡುತ್ತಿತ್ತು. ಪರದೆಯಲ್ಲಿ ಪೀಪಾಯಿ ಕಂಡರೆ ಬೀದಿಯಲ್ಲಿ ಅದು ಬಂಡೆಯೋ ಮರದ ದಿಮ್ಮಿಯೋ ಕೆಟ್ಟು ನಿಂತ ಕಾರೋ ಆಗಿರುತ್ತಿತ್ತು. ಮುಸುಕು ಹಾಕಿದ ಖಳ ಕಂಡರೆ ಬೀದಿಯಲ್ಲಿ ಒಬ್ಬ ಕಳ್ಳ ಇದ್ದೇ ಇರುತ್ತಿದ್ದ. ಹಸಿರಣ್ಣನಿಗೆ ಬರುತ್ತಿದ್ದ ವಿದ್ಯೆ ಇಷ್ಟೇ: ಓಡುವುದು, ನೆಗೆಯುವುದು, ಗುದ್ದುವುದು, ಎತ್ತಿ ಮುಂದಕ್ಕೆ ಎಸೆಯುವುದು. ಎತ್ತಿದ್ದನ್ನು ಮೆಲ್ಲಗೆ ಕೆಳಗಿಡುವ ಗುಂಡಿ ಆ ಆಟದಲ್ಲಿ ಇರಲಿಲ್ಲ; ಗೋಡೆಯ ಕಲ್ಲಾದರೂ ಮಾಡಿನ ಹೆಂಚಾದರೂ ಎಸೆದೇ ಕೂರಿಸುತ್ತಿದ್ದ.

ಇಷ್ಟು ವಿದ್ಯೆಯಿಂದಲೇ ಬಲಗೇರಿಯವರು ಎರಡು ತಲೆಮಾರು ಸುಖವಾಗಿ ಬಾಳಿದರು. ಬೆಂಕಿ ಆರಿಸುವ ಗಾಡಿಯನ್ನು ಗುಜರಿಗೆ ಹಾಕಿದರು. ಹಗ್ಗ, ಹಾರೆ, ಪಿಕಾಸಿ ಮಾರುತ್ತಿದ್ದ ಅಂಗಡಿಯವನು ಅಲ್ಲಿ ಗಿರಾಕಿ ಇಲ್ಲದೆ ಎಡಗೇರಿಗೆ ಬಂದು ಕೂತ. ಕಳ್ಳರೂ ಬಂದು ಕೂತರು. ಬಲಗೇರಿಯಲ್ಲಿ ಕದ್ದು, ಕಂಬ ದಾಟಿ ಎಡಕ್ಕೆ ಬಂದುಬಿಟ್ಟರೆ ಮುಗಿಯಿತು. ಹಸಿರಣ್ಣ ಅವರಿಗೆ ಬೆನ್ನು ಹಾಕಿ ಇನ್ನೊಂದು ದಿಕ್ಕಿಗೆ ಧೀರನಾಗಿ ಓಡುತ್ತಿದ್ದ. ನಮ್ಮ ಕೇರಿಯಲ್ಲಿ ಮನೆಯ ಮಾಡು ಬಿದ್ದರೆ ನಾವೇ ಎತ್ತಬೇಕು, ಹಸು ಹಳ್ಳಕ್ಕೆ ಬಿದ್ದರೆ ನಾವೇ ಎಳೆಯಬೇಕು. ಎಳೆಯುತ್ತಿದ್ದೆವು. ಆದರೆ ಎಳೆಯುವಾಗಲೆಲ್ಲ ಎಲ್ಲರ ಕಣ್ಣೂ ಒಂದು ಸಲ ಗಡಿಯಾರದ ಕಡೆಗೆ ಹೋಗಿಬರುತ್ತಿತ್ತು. ಅವನು ಒಂದೇ ಒಂದು ಸಲ ನಮ್ಮ ಕಡೆ ಬರಬೇಕು ಎನ್ನುವ ಆಸೆ ನಮ್ಮಲ್ಲಿ ಎಷ್ಟಿತ್ತು ಎಂದರೆ, ಬಾಣಂತಿಯರು ತೊಟ್ಟಿಲು ತೂಗುವಾಗಲೂ ಅದನ್ನೇ ಹಾಡುತ್ತಿದ್ದರು.

ಇನ್ನು ನನ್ನ ವಿಚಾರ. ನಾನು ರಂಗಲಕ್ಷ್ಮಿ, ಎಡಗೇರಿಯವಳು, ಹಸಿರಣ್ಣನನ್ನು ಆಡಿಸುವವಳು. ಇದೆಂಥ ತಮಾಷೆ ಎಂದು ನೀವು ಕೇಳಬಹುದು. ಹಿಂದೆ ಆಡಿಸುತ್ತಿದ್ದ ಬಲಗೇರಿಯ ಮಹನೀಯರಿಗೆ ಹೆಬ್ಬೆರಳು ಸೆಟೆದುಕೊಂಡಾಗ, ಹಸಿರಣ್ಣನ ಉಸ್ತುವಾರಿಗೆಂದು ಬಲಗೇರಿಯವರು ಮಾಡಿಕೊಂಡಿದ್ದ ವೀರ ಸಮಿತಿಯವರು ಊರಿನ ಹೆಬ್ಬೆರಳುಗಳನ್ನೆಲ್ಲ ಪರೀಕ್ಷೆ ಮಾಡಿದರು. ಬೀಡಿ ಸುತ್ತಿ ಪಳಗಿದ ನನ್ನ ಹೆಬ್ಬೆರಳಿನ ಚುರುಕು ಬಲಗೇರಿಯ ಒಬ್ಬರಲ್ಲೂ ಇರಲಿಲ್ಲ. ಬೇರೆ ದಾರಿ ಕಾಣದೆ ನನ್ನನ್ನು ಕಂಬದ ಬುಡದ ಕುರ್ಚಿಯಲ್ಲಿ ಕೂರಿಸಿದರು. ದಿನವೂ ಎಡದಿಂದ ಬಂದು, ಬಲದವರ ಕೆಲಸ ಮಾಡಿಸಿ, ಮತ್ತೆ ಎಡಕ್ಕೆ ಹೋಗುವುದು ನನ್ನ ಉದ್ಯೋಗವಾಯಿತು. ಗಂಡನ ಹೆಸರು ಹೇಳಬಾರದು ಎನ್ನುತ್ತಾರೆ, ಆದರೆ ಹೆಸರಿಲ್ಲದೆ ಕಥೆ ಮುಂದಕ್ಕೆ ಹೋಗುವುದಿಲ್ಲ: ಓಬಳೇಶ. ಬಾವಿಯ ಹೂಳೆತ್ತುವುದು ಅವನ ಕೆಲಸ. ನಾನು ಸಂಜೆ ಮನೆಗೆ ಬಂದರೆ, "ಏನಮ್ಮಾ, ಇವತ್ತು ನಿಮ್ಮ ಸಾಹೇಬ್ರು ಯಾರ ಮನೆ ಮಾಡು ಹೊದಿಸಿದ್ರು?" ಎಂದು ಕೇಳುವನು. "ಅಧ್ಯಕ್ಷರದ್ದು" ಎಂದರೆ, "ಪಾಪ, ಹೋದ ವಾರಾನೂ ಅವರದ್ದೇ ಸೋರ್ತಿತ್ತಲ್ಲ" ಎಂದು ಮರುಗುವನು.

ಒಂದು ದಿನ ಡಬ್ಬಿ ಕೆಟ್ಟಿತು. ಸೆಲ್ಲಿನ ರಸ ಸೋರಿ ಒಳಗೆಲ್ಲ ಕಿಲುಬು ಹಿಡಿದಿತ್ತು. ಪರದೆಯ ಮೇಲೆ ಮೊದಲು ಗೆರೆಗಳು ಮೂಡಿದವು, ಆಮೇಲೆ ಹಸಿರಣ್ಣನ ಕಾಲು ಕಾಣದಾಯಿತು, ಆಮೇಲೆ ಪೂರ್ತಿ ಕತ್ತಲೆ. ಬಲಗೇರಿಯಲ್ಲಿ ಸಾವಿನ ಮನೆಯ ಮೌನ. ತೆಂಗಿನಕಾಯಿ ಕೆಡವುವವರಿಲ್ಲ, ಚರಂಡಿಯ ಕಲ್ಲು ಎತ್ತುವವರಿಲ್ಲ. ಕೆಲವರು ಏಣಿ ಎಂದರೇನು ಎಂದು ವಿಚಾರಿಸತೊಡಗಿದರು. ಆಗ ಮುಂದೆ ಬಂದವನು ಜಬೀವುಲ್ಲಾ. ಕಂಬದ ಎದುರಿಗೇ ಮೊಬೈಲ್ ರಿಪೇರಿ ಅಂಗಡಿ ಇಟ್ಟಿದ್ದವನು. ಮಾತಿನಲ್ಲೇ ಅರ್ಧ ರಿಪೇರಿ ಮುಗಿಸುತ್ತಿದ್ದ. ಅವನು ಕ್ಯಾಸೆಟ್ಟಿನೊಳಗಿನ ಆಟವನ್ನು ಹೇಗೋ ತೆಗೆದು ಒಂದು ಹೊಸ ಫೋನಿಗೆ ಹಾಕಿದ. ಅದಕ್ಕೆ ಎಮ್ಯುಲೇಟರ್ ಎನ್ನುತ್ತಾರಂತೆ.

ವೀರ ಸಮಿತಿಯ ಅಧ್ಯಕ್ಷರಾದ ವಿರೂಪಾಕ್ಷಯ್ಯನವರು ಕನ್ನಡಕ ಸರಿಮಾಡಿಕೊಂಡು ಕೇಳಿದರು: "ಹಾಗಂದ್ರೆ ಏನಯ್ಯಾ?"

"ಸಾರ್, ಫೋನು ತಾನೇ ಆ ಹಳೇ ಡಬ್ಬಿ ಅಂತ ನಟನೆ ಮಾಡ್ತದೆ. ಆಟ ನಂಬ್ತದೆ."

"ಅಂದ್ರೆ ಮೋಸ."

"ಮೋಸಾನೇ ಸಾರ್. ಆದ್ರೆ ಆಟಕ್ಕೆ ಗೊತ್ತಾಗಲ್ಲ, ಬೇಜಾರೂ ಮಾಡ್ಕೊಳಲ್ಲ."

ಅಧ್ಯಕ್ಷರಿಗೆ ಸಮಾಧಾನವಾಯಿತು. ಟುಡುಂ ಎಂದಿತು. ಹಸಿರಣ್ಣ ಕಂಬದ ಬುಡದಲ್ಲಿ ಬಂದು ನಿಂತ. ಆದರೆ ಅವನು ಹಸಿರಾಗಿರಲಿಲ್ಲ, ಕಂದು ಬಣ್ಣಕ್ಕಿದ್ದ. ಜೊತೆಗೆ ಉಬ್ಬಿದ ಪೂರಿಯ ಹಾಗೆ ಅಗಲವಾಗಿದ್ದ. ಜಬೀವುಲ್ಲಾ ಪರದೆ ತುಂಬಲಿ ಎಂದು ಚಿತ್ರವನ್ನು ಅಡ್ಡಡ್ಡ ಎಳೆದಿದ್ದನಂತೆ. ಸೊಂಟ ಬೇಕಾದರೆ ಸರಿಮಾಡಬಹುದು, ಬಣ್ಣ ಬೇಕಾದ್ದು ಆರಿಸಬಹುದು ಎಂದ. ಸೊಂಟ ಹಾಗೇ ಇರಲಿ, ಊರಿಗೆ ಲಕ್ಷಣ ಎಂದು ಸಮಿತಿ ತೀರ್ಮಾನಿಸಿತು. ಬಣ್ಣದ ಬಗ್ಗೆ ಮಾತ್ರ ಬಲಗೇರಿಯಲ್ಲಿ ದೊಡ್ಡ ಜಗಳವಾಗಿ ಅಣ್ಣತಮ್ಮಂದಿರು ಮಾತು ಬಿಟ್ಟರು. ಕೊನೆಗೆ ಅವನು ಮೊದಲಿನಿಂದಲೂ ಯಾವ ಬಣ್ಣದವನೂ ಅಲ್ಲ, ಹಸಿರು ಇದ್ದದ್ದು ಡಬ್ಬಿಯ ಗಾಜಿಗೆ ಎಂದು ಜಬೀವುಲ್ಲಾ ಬಾಯಿ ತಪ್ಪಿ ಹೇಳಿದ ಮೇಲೆ ಅವರೆಲ್ಲ ಒಂದಾಗಿ ಅವನ ಮೇಲೆ ಬಿದ್ದರು. ಮತ್ತೆ ಹಸಿರೇ ಆಯಿತು.

ನನ್ನ ಕಷ್ಟ ಕೇಳುವವರಿರಲಿಲ್ಲ. ಡಬ್ಬಿಯ ಗುಂಡಿಯಾದರೆ ಒತ್ತಿದ್ದು ಬೆರಳಿಗೆ ತಿಳಿಯುತ್ತಿತ್ತು. ಇದರಲ್ಲಿ ಗಾಜಿನ ಮೇಲೆ ಗುಂಡಿಯ ಚಿತ್ರ. ನೆಗೆಸಬೇಕೆಂದು ಒತ್ತಿದರೆ ಬೆರಳು ಪಕ್ಕಕ್ಕೆ ಜಾರಿ ಅವನು ಮೋರಿಗೆ ಬೀಳುತ್ತಿದ್ದ. ನಡುವೆ ಜಾಹೀರಾತು ಬೇರೆ. ಒಮ್ಮೆ ಚಿನ್ನದಂಗಡಿಯ ಕಳ್ಳನನ್ನು ಕತ್ತು ಹಿಡಿದು ಮೇಲೆತ್ತಿದ ಹೊತ್ತಿಗೇ ಕೂದಲೆಣ್ಣೆಯ ಜಾಹೀರಾತು ಬಂತು. ಹಸಿರಣ್ಣ ಹಾಗೇ ನಿಂತ. ಕಳ್ಳನೂ ಗಾಳಿಯಲ್ಲಿ ಕಾಲು ಬಿಟ್ಟುಕೊಂಡು, "ಮುಗೀತೇನಕ್ಕಾ?" ಎಂದು ನನ್ನನ್ನು ಕೇಳಿದ. ಮುಗಿದ ಮೇಲೆ ಎಸೆಸಿಕೊಂಡ. ಆದರೆ ಫೋನಿನಲ್ಲಿ ಹಳೆಯ ಡಬ್ಬಿಗೆ ಇಲ್ಲದ ಚಮತ್ಕಾರಗಳೂ ಇದ್ದವು. ಆಟವನ್ನು ಬೇಗ ಓಡಿಸಬಹುದು, ಜೀವ ಮುಗಿಯದಂತೆ ಮಾಡಬಹುದು, ಗೋಡೆಯೊಳಗೆ ತೂರಿಸಬಹುದು, ಆದದ್ದನ್ನು ಹಿಂದಕ್ಕೆ ಸುತ್ತಬಹುದು. ಇವನ್ನೆಲ್ಲ ಕೇಳಿದ ಮೇಲೆ ಎಡಗೇರಿಯಲ್ಲಿ ಪಿಸುಪಿಸು ಶುರುವಾಯಿತು. ನಮ್ಮ ಪಕ್ಕದ ಮನೆಯ ಚೌಡವ್ವ, ಗಾರೆ ಕೆಲಸಕ್ಕೆ ಹೋಗುವವಳು, ಎರಡು ಗಂಡಸರ ಕಲ್ಲು ಒಬ್ಬಳೇ ಹೊರುವವಳು, ದಾರಿಯಲ್ಲಿ ನನ್ನನ್ನು ತಡೆದು ಕೇಳಿದಳು: "ರಂಗೀ, ಇಷ್ಟೆಲ್ಲ ಆಗ್ತೈತಂತೆ. ಹಂಗಾರೆ ಎಡಕ್ಕೂ ಬತ್ತಾನೇನೇ?" ಅವಳ ಕಣ್ಣಿನಲ್ಲಿ ಹೊಳೆಯುತ್ತಿದ್ದುದನ್ನು ನೋಡಿ, ಜಬೀವುಲ್ಲಾನನ್ನೇ ಕೇಳಿ ಹೇಳುತ್ತೇನೆ ಎಂದೆ.

ಬೇಸಿಗೆ ಬಂತು. ಎಡಗೇರಿಯ ಬಾವಿಯ ಹೂಳೆತ್ತಲು ಓಬಳೇಶ ಇಳಿದ. ಬೆಳಿಗ್ಗೆಯೆಲ್ಲ ಬುಟ್ಟಿ ಬುಟ್ಟಿ ಕೆಸರು ಮೇಲೆ ಕಳಿಸಿ, ತಳದ ನೀರಿನ ಸೆಲೆಯ ಬಾಯಿ ಬಿಡಿಸಿದ. ಸೆಲೆ ಚೆನ್ನಾಗಿ ಬಿಟ್ಟುಕೊಂಡಿತು. ಕೆಲಸದಲ್ಲಿ ಅವನು ಎಂದೂ ಕಡಿಮೆ ಮಾಡಿದವನಲ್ಲ. ಅಷ್ಟರಲ್ಲಿ ಬಾವಿಯ ಬಾಯಿಯ ಪಕ್ಕದ ಮಣ್ಣು ಕುಸಿದು, ನೀರು ಸೇದುವವರು ನಿಲ್ಲುತ್ತಿದ್ದ ದೊಡ್ಡ ಚಪ್ಪಡಿ ಜಾರಿ ಒಳಗೆ ಇಳಿಯಿತು. ಪೂರ್ತಿ ಬೀಳಲಿಲ್ಲ. ಎರಡು ಮೊಳ ಆಳದಲ್ಲಿ ಅಡ್ಡಡ್ಡ ಸಿಕ್ಕಿಕೊಂಡು ಬಾವಿಗೆ ಮುಚ್ಚಳ ಹಾಕಿದಂತೆ ಕೂತಿತು. ಒಂದು ಮೂಲೆಯಲ್ಲಿ ಚೊಂಬು ತೂರುವಷ್ಟು ಸಂದಿ. ಆ ಸಂದಿಯಿಂದ ನನ್ನ ಗಂಡನ ದನಿ ಬಂತು: "ಯಾರಿಗೂ ಏನೂ ಆಗಿಲ್ಲ ತಾನೆ?" ಕೆಳಗಿದ್ದವನು ಮೇಲಿದ್ದವರನ್ನು ಕೇಳಿದ.

ನಾನು ಓಡಿ ಬರುವ ಹೊತ್ತಿಗೆ ನಮ್ಮವರು ಹಗ್ಗ, ಹಾರೆ, ರಾಟೆ, ಮೂರು ಉದ್ದನೆಯ ಮರದ ಗಳ ಎಲ್ಲ ತಂದಾಗಿತ್ತು. ಗಳಗಳನ್ನು ಬಾವಿಯ ಮೇಲೆ ಮುಕ್ಕಾಲಿಯ ಹಾಗೆ ನಿಲ್ಲಿಸಿ, ರಾಟೆ ಕಟ್ಟಿ, ಚೌಡವ್ವ ಸೊಂಟಕ್ಕೆ ಸೆರಗು ಬಿಗಿದು ಹಾರೆ ಹಿಡಿದಿದ್ದಳು. ಇದು ನಮಗೆ ಹೊಸದಲ್ಲ. ಇನ್ನೇನು ಹಗ್ಗ ಇಳಿಬಿಡಬೇಕು, ಆಗ ವಿರೂಪಾಕ್ಷಯ್ಯನವರು ಸಮಿತಿಯನ್ನೆಲ್ಲ ಕಟ್ಟಿಕೊಂಡು ಬಂದರು. ಗಡಿಯಾರದ ಎಡಕ್ಕೆ ಅವರು ಕಾಲಿಟ್ಟದ್ದು ಅದೇ ಮೊದಲಿರಬೇಕು; ದಾರಿ ಕೇಳಿಕೊಂಡು ಬಂದರು. ಹಾರೆಯನ್ನು ನೋಡಿ ಮುಖ ಕಿವುಚಿದರು.

"ಛೆ ಛೆ, ಕೆಳಗಿಡಿ. ಇದೇನು ಅನಾಗರಿಕ ಕೆಲಸ? ಇನ್ನು ಮುಂದೆ ನೀವು ಹೀಗೆಲ್ಲ ಒದ್ದಾಡಬೇಕಾಗಿಲ್ಲ. ಎಮ್ಯುಲೇಟರ್ ಬಂದಾಗಿದೆ. ಹಸಿರಣ್ಣ ಇವತ್ತು ಎಡಗೇರಿಗೆ ಬರ್ತಾನೆ. ಯಾರೂ ಕಲ್ಲು ಮುಟ್ಟಬೇಡಿ."

ಕೇರಿಯವರೆಲ್ಲ ಒಬ್ಬರ ಮುಖ ಒಬ್ಬರು ನೋಡಿದರು. ಹುಟ್ಟಿದಾಗಿನಿಂದ ಕಾಯುತ್ತಿದ್ದ ಮಾತು ಅದು. ಎಂಥೆಂಥ ಬಂಡೆಗಳನ್ನು ತಾವೇ ಎತ್ತಿದವರು, ಆ ದಿನ ಹಗ್ಗ ಕೆಳಗೆ ಹಾಕಿ ಕೈ ಕಟ್ಟಿ ನಿಂತರು. ಚೌಡವ್ವ ಹಾರೆಯನ್ನು ಗೋಡೆಗೆ ಒರಗಿಸಿ, ಮನೆಗೆ ಓಡಿ, ಆರತಿ ತಟ್ಟೆ ಹಿಡಿದು ಬಂದಳು. ನಾನು ಕೆಳಗೆ ಬಿದ್ದಿದ್ದ ಹಗ್ಗದ ಕಡೆ ನೋಡಿದೆ. ಆದರೆ ನಿಜ ಹೇಳುತ್ತೇನೆ, ನನಗೂ ಒಳಗೊಳಗೇ ಅವನು ಬರಲಿ ಎನ್ನಿಸಿತ್ತು. ಇಷ್ಟು ವರ್ಷ ಊರಿನವರ ಮಾಡು ಹೊದಿಸಿದವನು ಆಡಿಸುವವಳ ಗಂಡನಿಗಾಗಿ ಒಂದು ಸಲ ಬಂದರೆ ಏನು ಹೋಗುತ್ತದೆ?

ಜಬೀವುಲ್ಲಾ ಫೋನನ್ನು ನನ್ನ ಕೈಗೆ ಕೊಟ್ಟ. ಫೋನಾದ್ದರಿಂದ ಕಂಬದ ಬುಡದಲ್ಲೇ ಕೂರಬೇಕೆಂದಿರಲಿಲ್ಲ; ಬಾವಿಯ ಕಟ್ಟೆಯ ಮೇಲೆ ಕೂತೆ. ದೂರದಲ್ಲಿ, ಗಡಿಯಾರದ ಕೆಳಗೆ, ಹಸಿರಣ್ಣ ನಮಗೆ ಬೆನ್ನು ಹಾಕಿ ನಿಂತಿದ್ದು ಕಾಣುತ್ತಿತ್ತು.

ಮೊದಲು ಜಬೀವುಲ್ಲಾ ಪರದೆಯನ್ನು ಕನ್ನಡಿಯಂತೆ ತಿರುಗಿಸಿದ. ಈಗ ಫೋನಿನಲ್ಲಿ ಹಸಿರಣ್ಣ ಎಡಕ್ಕೆ ಮುಖ ಮಾಡಿದ್ದ. ಎಲ್ಲರೂ ಚಪ್ಪಾಳೆ ತಟ್ಟಿದರು. ನಾನು ಓಡಿಸಿದೆ. ಫೋನಿನಲ್ಲಿ ಎಡಕ್ಕೆ ಓಡಿದ. ಬೀದಿಯಲ್ಲಿ ಬಲಕ್ಕೇ ಓಡಿ ಹಾಲಿನ ವ್ಯಾನಿಗೆ ಡಿಕ್ಕಿ ಹೊಡೆದ. ತಿರುಗಿದ್ದು ಚಿತ್ರ ಮಾತ್ರ, ಅವನಲ್ಲ.

"ಏನಾಯ್ತು?" ಎಂದು ಬಾವಿಯೊಳಗಿಂದ ಓಬಳೇಶ ಕೇಳಿದ.

"ಹಾಲಿನ ವ್ಯಾನು" ಎಂದೆ.

"ನನಗೆ ಹಾಲು ಬೇಡ ಕಣೇ. ನೀರು ಮೊಣಕಾಲಿಗೆ ಬಂತು."

ಆಮೇಲೆ ಹಿಂದಕ್ಕೆ ಸುತ್ತುವ ಉಪಾಯ. ಆ ಗುಂಡಿ ಹಿಡಿದರೆ ಹಸಿರಣ್ಣ ಹಿಮ್ಮುಖವಾಗಿ ಎಡಕ್ಕೆ ಬರುತ್ತಾನಲ್ಲ, ಹಾಗೇ ಬರುತ್ತಾ ಕಂಬ ದಾಟಿ ನಮ್ಮ ಕಡೆ ಬಂದರಾಯಿತು. ಗುಂಡಿ ಹಿಡಿದೆ. ಬಂದ. ಆದರೆ ಬರುವಾಗ ಬೆಳಗಿನಿಂದ ಮಾಡಿದ್ದೆಲ್ಲವನ್ನೂ ಬಿಚ್ಚಿಕೊಂಡು ಬಂದ. ಗುದ್ದಿ ನೆಟ್ಟಗೆ ಮಾಡಿದ್ದ ಶಾಲೆಯ ಗೋಡೆ ಮತ್ತೆ ಒರಗಿತು. ಸಿಕ್ಕಿಬಿದ್ದ ಕಳ್ಳ ಎದ್ದು ಮೈ ಕೊಡವಿ ಹಿಮ್ಮುಖವಾಗಿ ಚಿನ್ನದಂಗಡಿಗೆ ಹೋದ. ಅಧ್ಯಕ್ಷರ ಮನೆಯ ಹೊಸ ಕಾಂಪೌಂಡಿನ ಕಲ್ಲುಗಳು ಒಂದೊಂದಾಗಿ ಹಾರಿ ಬೀದಿಗೆ ಬಿದ್ದವು. ಬಲಗೇರಿಯಿಂದ ಕೂಗು ಎದ್ದಿತು. ಅಷ್ಟಾದರೂ ನಾನು ಬೆರಳು ಬಿಡಲಿಲ್ಲ. ಹಸಿರಣ್ಣ ಕಂಬದ ಬುಡಕ್ಕೆ ಬಂದ, ನಿಂತ, ಮಾಯವಾದ. ಆಟ ಶುರುವಾಗುವ ಜಾಗಕ್ಕಿಂತ ಹಿಂದೆ ಅವನಿಗೆ ಊರೇ ಇರಲಿಲ್ಲ.

"ಮೊದಲು ನನ್ನ ಕಾಂಪೌಂಡು ಕಟ್ಟಿಸಮ್ಮಾ" ಎಂದರು ವಿರೂಪಾಕ್ಷಯ್ಯನವರು. ನಾನು ನೋಡಿದ ನೋಟಕ್ಕೆ, "ಆಮೇಲಾದ್ರೂ ಪರವಾಗಿಲ್ಲ" ಎಂದು ಸೇರಿಸಿದರು.

ಸಮಿತಿಯವರು ಅಲ್ಲೇ ಬೇವಿನ ಮರದ ನೆರಳಲ್ಲಿ ಸಭೆ ಕೂತರು. ಯಾರೋ ಟೀ ತಂದರು. ಸಭೆಯ ಮಾತು ಕಿವಿಗೆ ಬೀಳುತ್ತಿತ್ತು. ಕೆಳಗಿನಿಂದ ನೀರಿನ ಗುಳುಗುಳು ಸದ್ದೂ ಬೀಳುತ್ತಿತ್ತು. ನಾನು ಸಂದಿಯತ್ತ ಬಗ್ಗಿ, "ಹೆದರಬೇಡ್ರೀ" ಎಂದೆ.

"ನಾನೆಲ್ಲಿ ಹೆದರಿದೆ? ಸೆಲೆ ಏನು ಚೆಂದ ಬಿಟ್ಟೈತೆ ಗೊತ್ತಾ. ಈ ಸಲ ಕೇರಿಗೆ ನೀರಿನ ತಾಪತ್ರಯ ಇರಲ್ಲ."

ನನಗೆ ಅಳು ಬಂತು. ಈ ಮನುಷ್ಯ ತಾನು ಮುಳುಗುವ ನೀರನ್ನೂ ಕೇರಿಯ ಲೆಕ್ಕಕ್ಕೇ ಬರೆಯುತ್ತಿದ್ದ.

ವಿರೂಪಾಕ್ಷಯ್ಯನವರು ಎದ್ದು ಬಂದು ಗಂಟಲು ಸರಿಮಾಡಿಕೊಂಡರು. ಮುಖದಲ್ಲಿ ಜ್ಞಾನೋದಯದ ಕಳೆ ಇತ್ತು. "ಭೂಮಿ ದುಂಡಗಿದೆ" ಎಂದರು. ಯಾರೂ ಅಲ್ಲಗಳೆಯಲಿಲ್ಲ. "ಹಾಗಾಗಿ ಹಸಿರಣ್ಣನನ್ನು ಬಲಕ್ಕೇ ಬಿಡೋಣ. ನಿಲ್ಲದೆ ಬಲಕ್ಕೆ ಹೋಗ್ತಾ ಹೋಗ್ತಾ ಭೂಮಿ ಸುತ್ತಿ ಎಡಗಡೆಯಿಂದ ಎಡಗೇರಿಗೆ ಬರ್ತಾನೆ. ಯಾಕೆ ಬರಬಾರದು? ಜೀವ ಮುಗಿಯೋದಿಲ್ಲ, ಗೋಡೆ ಅಡ್ಡ ಬರೋದಿಲ್ಲ, ವೇಗ ಹೆಚ್ಚಿಸಬಹುದು. ಸಮಿತಿ ಒಮ್ಮತದಿಂದ ಒಪ್ಪಿದೆ."

ಇದು ಹುಚ್ಚು ಎಂದು ನಾನು ಹೇಳಬೇಕಿತ್ತು ನೋಡಿ. ಆದರೆ ಸುತ್ತ ನಿಂತವರೆಲ್ಲ ತಲೆಯಾಡಿಸುತ್ತಿದ್ದರು. ಜಬೀವುಲ್ಲಾ ಆಗಲೇ ಮೂರೂ ಚಮತ್ಕಾರಗಳನ್ನು ಚಾಲೂ ಮಾಡಿದ್ದ. "ಬಲದ ಬಾಣ ಒತ್ತಿ ಹಿಡ್ಕೋ ಅಕ್ಕಾ. ಬೆರಳು ಎತ್ತಿದ್ರೆ ನಿಂತುಬಿಡ್ತಾನೆ." ಒತ್ತಿ ಹಿಡಿದೆ. ಹಸಿರಣ್ಣ ಟುಡುಂ ಎಂದು ಮತ್ತೆ ಕಂಬದ ಬುಡದಲ್ಲಿ ಮೂಡಿ ಗಾಳಿಯಂತೆ ಹೊರಟ. ಬಲಗೇರಿ ದಾಟಿದ, ಊರಬಾಗಿಲು ದಾಟಿದ, ಆಚೆಯ ಗುಡ್ಡದೊಳಗೆ ತೂರಿ ಕಾಣದಾದ. ಪರದೆಯ ಮೇಲೆ ಆಟದ ಊರೂ ಮುಗಿಯಿತು. ಆಟ ಮಾಡಿದವರು ಅಷ್ಟು ದೂರ ಯಾರಾದರೂ ಬಂದಾರು ಎಂದು ಎಣಿಸಿರಲಿಲ್ಲವೇನೋ. ಅಲ್ಲಿಂದಾಚೆ ಮುರಿದ ಚೌಕಗಳು, ಅರ್ಧರ್ಧ ಅಕ್ಷರಗಳು, ತಲೆಯಿಲ್ಲದ ಖಳರು, ಎಲ್ಲ ಕಲಸಿಹೋದ ಒಂದು ಬಯಲು. ಅದರ ನಡುವೆ ನಮ್ಮ ದಪ್ಪ ಸೊಂಟದ ಹಸಿರಣ್ಣ ಓಡುತ್ತಲೇ ಇದ್ದ. ಎಡಗೇರಿಯವರೆಲ್ಲ ಬಾವಿಗೆ ಬೆನ್ನು ಮಾಡಿ ಎಡದ ದಿಗಂತ ನೋಡುತ್ತ ನಿಂತರು. ಚೌಡವ್ವ ಕರ್ಪೂರ ಹಚ್ಚಲೋ ಬೇಡವೋ ಎಂದು ಕೇಳಿದಳು.

"ಎಲ್ಲಿಗೆ ಬಂದ?" ಓಬಳೇಶನ ದನಿ ಈಗ ಹತ್ತಿರವಾಗಿತ್ತು. ನೀರು ಅವನನ್ನು ಮೇಲಕ್ಕೆ ತರುತ್ತಿತ್ತು, ಚಪ್ಪಡಿಯ ಕಡೆಗೆ.

"ಗೊತ್ತಿಲ್ಲ. ಸಮುದ್ರ ಇರಬೇಕು."

"ಈಜು ಬರ್ತದಾ ಅವನಿಗೆ?"

"ಅದರ ಗುಂಡಿ ಇಲ್ಲ."

ಆಮೇಲೆ ಸಂದಿಯಿಂದ ಒಂದು ಕೈ ಹೊರಬಂತು. ಬೆರಳುಗಳೆಲ್ಲ ಕೆಸರು, ಅಂಗೈ ತುಂಬ ಜಡ್ಡು. ನಮ್ಮ ಮದುವೆಗೆ ಮುಂಚೆ ನನ್ನಪ್ಪ ಹಿಡಿದು ನೋಡಿ, ಇವನಿಗೆ ಕೊಡಬಹುದು ಎಂದಿದ್ದ ಕೈ. "ರಂಗೀ" ಎಂದ, ತಮಾಷೆಯ ದನಿಯಲ್ಲಿ ಅಲ್ಲ. "ನೀರು ಕುತ್ತಿಗೆಗೆ ಬಂತು ಕಣೇ. ಅವನು ಬರೋವರೆಗೆ ತಡ್ಕೊಳ್ಳೋಕೆ ನನ್ನ ಕೈಲಾಗಲ್ಲ."

ಆ ಕೈ ಹಿಡಿಯಬೇಕಾದರೆ ನನ್ನ ಬೆರಳು ಗಾಜಿನಿಂದ ಏಳಬೇಕು. ಎದ್ದಿತು. ಪರದೆಯ ಮೇಲೆ ಹಸಿರಣ್ಣ ಎಲ್ಲೋ ನಿಂತ. ಕೇರಿಯವರೆಲ್ಲ ಹಾ ಎಂದರು. ನಾನು ಎರಡೂ ಕೈಯಿಂದ ನನ್ನ ಗಂಡನ ಕೈ ಅಮುಕಿ ಹಿಡಿದು, ಬಿಟ್ಟು, ಎದ್ದು, ಫೋನನ್ನು ವಿರೂಪಾಕ್ಷಯ್ಯನವರ ಅಂಗೈಯಲ್ಲಿ ಇಟ್ಟೆ.

"ನಿಮ್ಮ ಭೂಮಿ ನೀವೇ ಸುತ್ತಿಸಿಕೊಳ್ಳಿ. ಬಲದ ಬಾಣ, ಒತ್ತಿ ಹಿಡೀಬೇಕು."

"ಏ, ಏನಮ್ಮಾ ಇದು, ಸಮಿತಿಯ ತೀರ್ಮಾನ..."

ಅವರ ಮಾತು ಪೂರ್ತಿ ನನಗೆ ಕೇಳಿಸಲಿಲ್ಲ. ನಾನು ಆಗಲೇ ಹಗ್ಗ ಎತ್ತಿಕೊಂಡಿದ್ದೆ. "ಚೌಡಕ್ಕಾ!" ಎಂದು ಕಿರುಚಿದೆ. ಅಷ್ಟು ದೊಡ್ಡ ದನಿ ನನ್ನ ಗಂಟಲಲ್ಲಿ ಇದೆಯೆಂದು ನನಗೇ ಗೊತ್ತಿರಲಿಲ್ಲ. "ಆ ತಟ್ಟೆ ಬಿಸಾಕು! ಹಾರೆ ಹಿಡಿ!"

ಚೌಡವ್ವ ಕನಸಿನಿಂದ ಎದ್ದವಳಂತೆ ನೋಡಿದಳು. ತಟ್ಟೆ ಠಣ್ಣೆಂದು ಬಿತ್ತು. ಆಮೇಲೆ ಯಾರೂ ಯಾರಿಗೂ ಏನೂ ಹೇಳಬೇಕಾಗಲಿಲ್ಲ. ಚೌಡವ್ವ ಸೊಂಟಕ್ಕೆ ಹಗ್ಗ ಕಟ್ಟಿಸಿಕೊಂಡು ಚಪ್ಪಡಿಯ ಮೇಲೇ ಇಳಿದು, ಸಂದಿಯೊಳಗೆ ಹಾರೆ ಹಾಕಿ ಮೀಟಿದಳು. ಎದ್ದ ಅಂಚಿನ ಕೆಳಗೆ ಹಗ್ಗ ತೂರಿಸಿದರು. ಕೆಳಗಿನಿಂದ ಓಬಳೇಶ ಆ ಹಗ್ಗದ ತುದಿಯನ್ನು ಇನ್ನೊಂದು ಕಡೆಗೆ ದಾಟಿಸಿದ. ಚೌಡವ್ವನನ್ನು ಮೇಲೆ ಸೆಳೆದುಕೊಂಡು, ರಾಟೆಗೆ ಹಗ್ಗ ಬಿಗಿದು, ಗಂಡಸರು ಹೆಂಗಸರು ಎನ್ನದೆ ಸಾಲಾಗಿ ಹಿಡಿದೆವು. ನಮ್ಮ ಸಾಲಿನಲ್ಲಿ ಚಿನ್ನದಂಗಡಿಯ ಕಳ್ಳನೂ ಇದ್ದ. ಬಿಡುಗಡೆಯಾದ ಮೇಲೆ ಸೀದಾ ಮನೆಗೆ ಬಂದಿದ್ದನಂತೆ. ಜಬೀವುಲ್ಲಾ ಅಂಗಿಯ ತೋಳು ಮಡಿಚಿ ನನ್ನ ಹಿಂದೆ ನಿಂತ. "ಹೈಸಾ!" ಎಂದರು. ಎಳೆದೆವು. ಚಪ್ಪಡಿ ಕಿರುಗುಟ್ಟಿ ಒಂದು ಗೇಣು ಮೇಲೆದ್ದಿತು. "ಹೈಸಾ!" ಇನ್ನೊಂದು ಗೇಣು. ಮೂರನೆಯ ಸಲ ಯಾರದೋ ಕಾಲು ಜಾರಿ ಹಗ್ಗ ನಮ್ಮ ಅಂಗೈ ಸುಡುತ್ತ ಹಿಂದಕ್ಕೆ ಹೋಯಿತು. ಚಪ್ಪಡಿ ಧಡ್ ಎಂದು ಕೂತಿತು. ಕೆಳಗಿನಿಂದ ದನಿಯೇ ಇಲ್ಲ.

ನಾನು ಅವನ ಹೆಸರು ಹಿಡಿದು ಕೂಗಿದೆ, ಕೇರಿಯವರೆಲ್ಲ ಕೇಳುವ ಹಾಗೆ.

ಬುಳಕ್ ಎಂದು ಸದ್ದಾಯಿತು. ಕೆಮ್ಮು ಕೇಳಿಸಿತು. "ಹೆಸರು ಹಿಡಿದು ಕರೀತೀಯಲ್ಲೇ, ಮರ್ಯಾದೆ ಬೇಡ್ವಾ" ಎಂದ. ಅಳುತ್ತಲೇ ನಕ್ಕೆ. ಆಮೇಲೆ ಎಳೆದ ಎಳೆತಕ್ಕೆ ಚಪ್ಪಡಿ ಗಾಳಿಗೆ ಬಂತು. ಚೌಡವ್ವ ಹಾರೆಯಿಂದ ಅದನ್ನು ಪಕ್ಕಕ್ಕೆ ತಿರುಗಿಸಿದಳು. ಅದನ್ನು ಮೆಲ್ಲಗೆ, ಮಗುವನ್ನು ಮಲಗಿಸುವಷ್ಟು ಮೆಲ್ಲಗೆ ಬಾವಿಯ ಎಡಗಡೆ ನೆಲಕ್ಕೆ ಇಳಿಸಿದೆವು. ಓಬಳೇಶ ಮೇಲೆ ಬಂದಾಗ ತುಟಿ ನೀಲಿಯಾಗಿತ್ತು. ನನ್ನ ಭುಜ ಹಿಡಿದು ಸುತ್ತ ನೋಡಿ, "ಎಲ್ಲಿ ನಿಮ್ಮ ಸಾಹೇಬ್ರು?" ಎಂದ.

ವಿರೂಪಾಕ್ಷಯ್ಯನವರು ಬೇವಿನ ಮರದ ಕೆಳಗೆ ಹೆಬ್ಬೆರಳು ಒತ್ತಿ ಹಿಡಿದು ಕೂತೇ ಇದ್ದರು. "ಮಾತಾಡಿಸಬೇಡಿ, ಹೊರಟಿದ್ದಾನೆ" ಎಂದರು.

ಆ ದಿನದಿಂದ ನಾನು ಆಡಿಸುವ ಕೆಲಸ ಬಿಟ್ಟೆ. ಸಮಿತಿ ಬಿಡಲಿಲ್ಲ. ಒಮ್ಮತದ ತೀರ್ಮಾನವನ್ನು ನಡುವೆ ಬಿಟ್ಟರೆ ಮರ್ಯಾದೆ ಏನಾಗಬೇಕು? ಫೋನಿಗೆ ಚಾರ್ಜರ್ ಸಿಕ್ಕಿಸಿ, ಕಂಬದ ಬುಡದಲ್ಲಿ ಸದಸ್ಯರು ಪಾಳಿಯ ಮೇಲೆ ಕೂತು ಬಲದ ಬಾಣ ಒತ್ತಿದರು. ಅಷ್ಟು ದಿನವೂ ಬಲಗೇರಿಗೆ ಹಸಿರಣ್ಣನಿಲ್ಲ. ಅಲ್ಲಿನವರು ನಾಚುತ್ತ ನಾಚುತ್ತ ನಮ್ಮ ಕೇರಿಗೆ ಬಂದು ಹಗ್ಗ, ಏಣಿ ಕೊಂಡುಹೋದರು. ಒಂದಿಬ್ಬರು ಅವುಗಳಿಂದ ಬಿದ್ದರು, ಆಮೇಲೆ ಕಲಿತರು. ನಮ್ಮ ಬಾವಿಯಲ್ಲಿ ನೀರು ಕೈಗೆ ಸಿಗುವಷ್ಟು ಬಂದಿತ್ತು. ಆ ಚಪ್ಪಡಿಯನ್ನು ಬಟ್ಟೆ ಒಗೆಯುವ ಕಲ್ಲು ಮಾಡಿಕೊಂಡೆವು. ಓಬಳೇಶ ಸಂಜೆ ಅದರ ಮೇಲೆ ಕೂತು, "ಇದು ನನ್ನನ್ನು ಮುಚ್ಚಿದ್ದ ಕಲ್ಲು" ಎಂದು ಬಂದವರಿಗೆಲ್ಲ ಪರಿಚಯ ಮಾಡಿಕೊಡುತ್ತಿದ್ದ.

ಮಳೆಗಾಲ ಕಳೆದ ಮೇಲೆ ಒಂದು ಬೆಳಿಗ್ಗೆ ನಾನು ಆ ಕಲ್ಲಿನ ಮೇಲೆ ಬಟ್ಟೆ ಒಗೆಯುತ್ತಿದ್ದೆ. ಎಡದ ಹೊಲಗಳ ಕಡೆಯಿಂದ ಟುಡುಂ ಎಂದು ಸದ್ದು ಬಂತು. ತಲೆ ಎತ್ತಿದರೆ ಹಸಿರಣ್ಣ. ಅದೇ ಚೌಕದ ಮೈ, ಅದೇ ಅಗಲದ ಸೊಂಟ, ಗಾಳಿ ಇಲ್ಲದೆ ಹಾರುವ ಹೊದಿಕೆ. ಮೈಮೇಲೆ ಒಂದು ಹನಿ ನೀರಿಲ್ಲ, ಧೂಳಿಲ್ಲ. ಭೂಮಿ ನಿಜಕ್ಕೂ ದುಂಡಗಿತ್ತು. ಕೇರಿಯವರೆಲ್ಲ ಕೆಲಸ ಬಿಟ್ಟು ಓಡಿಬಂದರು. ಎಷ್ಟಾದರೂ ತೊಟ್ಟಿಲಲ್ಲಿ ಕೇಳಿದ ಹೆಸರು. ಚೌಡವ್ವನ ಕಣ್ಣು ತುಂಬಿತು, ನನ್ನದೂ. ಗಡಿಯಾರದ ಕಡೆಯಿಂದ ವಿರೂಪಾಕ್ಷಯ್ಯನವರು ಕೊರಳಿಗೆ ಹಾರ ಹಾಕಿಕೊಂಡು, ಎರಡೂ ಕೈಯಲ್ಲಿ ಫೋನು ಹಿಡಿದು, "ಬಂದ! ಬಂದ! ಸರೀರಿ, ಎಲ್ಲರೂ ಸರೀರಿ, ಬಾವಿಯ ಕಲ್ಲು ಎತ್ತಬೇಕು!" ಎಂದು ಕೂಗುತ್ತ ಓಡಿಬಂದರು.

"ಅಯ್ಯಾ, ಕಲ್ಲು ಎತ್ತಿ ಆಗೈತೆ" ಎಂದಳು ಚೌಡವ್ವ.

"ತೀರ್ಮಾನ ಆಗಿರೋದು ಹಾಗಲ್ಲ" ಎಂದರು ಅವರು.

ನಾನು ಒದ್ದೆ ಬಟ್ಟೆಯನ್ನು ಎಳೆದುಕೊಂಡು ಪಕ್ಕಕ್ಕೆ ಹಾರಿದೆ.

ಅಧ್ಯಕ್ಷರು ಗುಂಡಿ ಒತ್ತಿದರು. ಹಸಿರಣ್ಣ ಬಗ್ಗಿದ. ನಾವು ಇಡೀ ಕೇರಿ ಸೇರಿ ಎಳೆದ ಚಪ್ಪಡಿಯನ್ನು ತಲೆದಿಂಬಿನಂತೆ ಎತ್ತಿ ತಲೆಯ ಮೇಲೆ ಹಿಡಿದ. ಎಂಥ ಶಕ್ತಿ! ಅಧ್ಯಕ್ಷರು ಇನ್ನೊಂದು ಗುಂಡಿ ಒತ್ತಿದರು. ಹಸಿರಣ್ಣನ ಮುಖ ಬಲಕ್ಕಿತ್ತು. ಅವನ ಮುಂದೆ, ಬಲಕ್ಕೆ, ಬಾವಿ ಇತ್ತು. ಎಸೆದ.

ಚಪ್ಪಡಿ ಹೋಗಿ ಬಾವಿಯೊಳಗೆ ಅಡ್ಡಡ್ಡ ಕೂತಿತು, ಅದೇ ಹಳೆಯ ಜಾಗದಲ್ಲಿ. ಹಸಿರಣ್ಣ ಒಂದು ಕೈ ಮೇಲೆತ್ತಿ ಗೆಲುವಿನ ಸಂಗೀತ ನುಡಿಸಿದ. ಆಮೇಲೆ ಗಡಿಯಾರ ದಾಟಿ ಬಲಗೇರಿಗೆ ಓಡಿದ. ಅಧ್ಯಕ್ಷರು ಅವನ ಹಿಂದೆ ಓಡಿದರು. ಅಲ್ಲಿಂದ ಬಹಳ ಹೊತ್ತು ಚಪ್ಪಾಳೆ ಕೇಳುತ್ತಿತ್ತು. ಹಸಿರಣ್ಣ ಎಡಗೇರಿಗೆ ಬಂದ ನೆನಪಿಗೆ ಸಮಿತಿಯವರು ಒಂದು ಕಲ್ಲು ಕೆತ್ತಿಸಿದ್ದಾರೆ. ಅದನ್ನು ನಿಲ್ಲಿಸಿರುವುದು ಬಲಗೇರಿಯಲ್ಲಿ.

ನಾವೆಲ್ಲ ಬಾವಿಯೊಳಗೆ ಬಗ್ಗಿ ನೋಡಿದೆವು. ಚೌಡವ್ವ ಮೂಗು ಒರೆಸಿಕೊಂಡು ಹಾರೆ ತರಲು ಹೋದಳು. ಯಾರೋ ಗಳ ತಂದರು, ಯಾರೋ ರಾಟೆ. ಓಬಳೇಶ ಪಂಚೆ ಎತ್ತಿ ಕಟ್ಟಿ, ಸೊಂಟಕ್ಕೆ ಹಗ್ಗ ಬಿಗಿದುಕೊಂಡು, ಹಗ್ಗದ ಇನ್ನೊಂದು ತುದಿಯನ್ನು ನನ್ನ ಕೈಗೆ ಕೊಟ್ಟ. ನನ್ನ ಅಂಗೈಯನ್ನು ಒಂದು ಸಲ ಮಗುಚಿ ನೋಡಿದ. ಅಲ್ಲಿ ಈಗ ಜಡ್ಡು ಕಟ್ಟಿತ್ತು.

"ಹಿಡ್ಕೊಂಡಿರ್ತೀಯಾ?" ಎಂದ.

"ಇಳೀರಿ" ಎಂದೆ.